ಯಾರಾದರೂ ಬಿಚ್ಚಬಹುದಾದ ಪೆಟ್ಟಿಗೆ

ಎಲ್ಲಾಪುರದ ಜಹೀರ್‌ನನ್ನು ಹುಡುಕಿಕೊಂಡು ಬರುವವರು ಅವನು ಎಷ್ಟು ಹೊತ್ತಿಗೆ ಸಿಗುತ್ತಾನೆ ಎಂದು ಕೇಳುವುದಿಲ್ಲ. ಹುಬ್ಬಳ್ಳಿಯಿಂದ ಅಂಕೋಲೆಗೆ ಹೋಗುವ ಹೆದ್ದಾರಿಯ ಪಕ್ಕದ ಗ್ಯಾರೇಜಿನಲ್ಲಿ ಆ ಮನುಷ್ಯ ಇದ್ದೇ ಇರುತ್ತಾನೆ. ಹಬ್ಬದ ನಮಾಜು ಮುಗಿಸಿ ಹೊಸ ಅಂಗಿಯಲ್ಲೇ ಲಾರಿಯ ಅಡಿಗೆ ನುಗ್ಗಿದ್ದನ್ನು ಊರೇ ನೋಡಿದೆ. ತಂಗಿಯ ಮದುವೆಯ ದಿನ ಬಿರಿಯಾನಿಯ ತಟ್ಟೆ ಬಿಟ್ಟು ಎದ್ದು ಬಂದಿದ್ದಾನೆ. ನಲವತ್ತೊಂದು ವರ್ಷದ, ಕೈಕಾಲು ಗಟ್ಟಿಯಿರುವ, ಯಾರ ಕೇಡನ್ನೂ ಬಯಸದ ಈ ಗಂಡಸನ್ನು ಯಾರೂ ಕಟ್ಟಿ ಹಾಕಿಲ್ಲ. ಆದರೂ ಐವತ್ತು ಕಿಲೋಮೀಟರು ದೂರದ ಶಿರಸಿಯಲ್ಲಿರುವ ಹೆಂಡತಿ ಮಗಳ ಜೊತೆ ಹೋಗಿ ಇರಲು ಅವನಿಗೆ ಮೂರು ವರ್ಷದಿಂದ ಆಗಿಲ್ಲ. ಅದಕ್ಕಾಗಿ ಅವನು ಏನೇನು ಮಾಡಿದ ಎಂದು ಕೇಳಿದರೆ ನಗಬೇಕೋ ಬೈಯಬೇಕೋ ತಿಳಿಯುವುದಿಲ್ಲ.

ಗ್ಯಾರೇಜು ಅವನ ಅಪ್ಪ ಚಾಂದ್ ಪಾಷಾನದು. ಆತ ಡೀಸೆಲ್ ಲಾರಿಗಳ ಕಾಲದವನು. ಚಕ್ರದ ನಟ್ಟು ಬಿಗಿ ಮಾಡಿದ ಮೇಲೆ ಸಣ್ಣ ಬ್ರಶ್ಶಿನಿಂದ ನಟ್ಟಿನ ಮೇಲಿಂದ ಪಕ್ಕದ ಕಬ್ಬಿಣದವರೆಗೆ ಒಂದು ಹಸಿರು ಗೆರೆ ಎಳೆಯುತ್ತಿದ್ದ. ನಟ್ಟು ಆಮೇಲೆ ಒಂದಿಷ್ಟು ತಿರುಗಿದರೂ ಗೆರೆ ತುಂಡಾಗಿ ಕಾಣುತ್ತದೆ. ಅರಬೈಲು ಘಟ್ಟದ ನೆತ್ತಿಯಲ್ಲಿ ಡ್ರೈವರ್ ಕೆಳಗಿಳಿದು ಬೀಡಿ ಹಚ್ಚಿ, ಗಾಡಿಗೆ ಒಂದು ಸುತ್ತು ಬಂದು, ಗೆರೆಗಳು ನೆಟ್ಟಗಿದ್ದರೆ ದೇವರ ಮೇಲೆ ಭಾರ ಹಾಕಿ ಇಳಿಯುತ್ತಿದ್ದ. ಅರ್ಧ ಭಾರ ದೇವರ ಮೇಲೆ, ಅರ್ಧ ಚಾಂದ್ ಪಾಷಾನ ಮೇಲೆ ಎಂದರೂ ತಪ್ಪಿಲ್ಲ. ಐದು ವರ್ಷದ ಹಿಂದೆ ಆತ ತೀರಿಕೊಂಡಾಗ ಮಗನಿಗೆ ಗ್ಯಾರೇಜಿನ ಜೊತೆ ಆ ಗೆರೆಯೂ ಬಂತು. ಜಹೀರ್ ಅದನ್ನು ಕಲಿತದ್ದು ಯಾವಾಗ ಎಂದು ಅವನಿಗೇ ನೆನಪಿಲ್ಲ. ನಟ್ಟು ತಿರುಗಿಸುವ ಪಾನಾ ಕೆಳಗಿಟ್ಟ ಕೂಡಲೇ ಕೈ ತಾನಾಗಿ ಬ್ರಶ್ಶಿಗೆ ಹೋಗುತ್ತದೆ.

ಮೂರು ವರ್ಷದ ಹಿಂದೆ ಹುಬ್ಬಳ್ಳಿಯ ಒಂದು ಸಾಗಣೆ ಕಂಪನಿ ಈ ದಾರಿಗೆ ಎಲೆಕ್ಟ್ರಿಕ್ ಲಾರಿಗಳನ್ನು ಬಿಟ್ಟಿತು. ಹೊಗೆಯಿಲ್ಲ, ಸದ್ದಿಲ್ಲ, ಘಟ್ಟ ಇಳಿಯುವಾಗ ಬ್ಯಾಟರಿ ತಾನೇ ತುಂಬಿಕೊಳ್ಳುತ್ತದೆ ಎಂದು ಪತ್ರಿಕೆಗಳಲ್ಲಿ ಚಿತ್ರವೂ ಬಂತು. ಹತ್ತುವಾಗ ಏನಾಗುತ್ತದೆ ಎಂದು ಯಾರೂ ಬರೆಯಲಿಲ್ಲ. ಹದಿನೆಂಟು ಟನ್ನು ಹೊತ್ತು ಅರಬೈಲು ಏರುವ ಹೊತ್ತಿಗೆ ಬ್ಯಾಟರಿ ಕಾದು, ಒಂದಲ್ಲ ಒಂದು ಸೆಲ್ಲು ಕೈಕೊಡುತ್ತಿತ್ತು. ಆ ಬ್ಯಾಟರಿಯೋ ಮಂಚದಷ್ಟು ದೊಡ್ಡ ಒಂದೇ ಪೆಟ್ಟಿಗೆ. ಒಳಗೆ ಮುನ್ನೂರ ಎಂಬತ್ನಾಲ್ಕು ಸೆಲ್ಲು, ಸೆಲ್ಲುಗಳ ನಡುವೆ ಅಂಟು, ಮುಚ್ಚಳದ ಸುತ್ತ ಕಪ್ಪು ಅಂಟು. ಮಾಡಿದವರಿಗೆ ಮುಚ್ಚುವ ವಿದ್ಯೆ ಚೆನ್ನಾಗಿ ಗೊತ್ತಿತ್ತು. ಮುಂದೊಂದು ದಿನ ತೆರೆಯಬೇಕಾದೀತು ಎಂದು ಆ ಬುದ್ಧಿವಂತರಿಗೆ ಹೊಳೆದಿರಲಿಲ್ಲ. ಒಂದು ಸೆಲ್ಲು ಸತ್ತರೆ ಇಡೀ ಪೆಟ್ಟಿಗೆ ಕಾರ್ಖಾನೆಗೆ, ಲಾರಿ ಮೂರು ತಿಂಗಳು ರಸ್ತೆ ಬದಿಗೆ.

ಜಹೀರ್ ಅದನ್ನು ತೆರೆದ. ಕಾರಿನ ಮುಂದಿನ ಗಾಜು ತೆಗೆಯುವವರು ತೆಳ್ಳಗಿನ ಉಕ್ಕಿನ ತಂತಿಯಿಂದ ಗಾಜಿನ ಅಂಟು ಕೊಯ್ಯುವುದನ್ನು ನೋಡಿದ್ದ. ಬಿಸಿಗಾಳಿ ಹಾಯಿಸಿ, ತಂತಿ ಎಳೆದು, ಎರಡು ದಿನ ಬೆವರು ಸುರಿಸಿ ಮುಚ್ಚಳ ಎಬ್ಬಿಸಿದ. ಒಳಗೆ ಆರುನೂರು ವೋಲ್ಟು. ಒಂದೇ ಕೈಯಲ್ಲಿ ಕೆಲಸ, ಇನ್ನೊಂದು ಬೆನ್ನ ಹಿಂದೆ. ಎರಡೂ ಕೈ ತಾಗಿದರೆ ಕರೆಂಟು ಎದೆಯ ಮೂಲಕವೇ ಹಾದು ಹೋಗುತ್ತದೆ. ಅಕ್ಕಪಕ್ಕದ ಮೆಕ್ಯಾನಿಕ್‌ಗಳು ಒಂದು ದಿನ ಬಂದು ನೋಡಿ, ಕೈ ಮುಗಿದು ಹೋದರು. ಅಲ್ಲಿಗೆ ಕಂಪನಿಯ ಹನ್ನೆರಡು ಲಾರಿಗಳೂ ಜಹೀರ್‌ನ ಕೊರಳಿಗೆ ಬಿದ್ದವು. ಲಾರಿ ಕೆಟ್ಟರೆ ಡ್ರೈವರ್ ಅವನ ಅಂಗಳದಲ್ಲೇ ಒಲೆ ಹೂಡಿ ಅನ್ನ ಬೇಯಿಸಿಕೊಂಡು ಕೂರುತ್ತಿದ್ದ. ಅಂಥವನ ಮುಖ ನೋಡಿ ನಾಳೆ ಬಾ ಎನ್ನಲು ಜಹೀರ್‌ಗೆ ಬಾಯಿ ಬರುತ್ತಿರಲಿಲ್ಲ.

ಅದೇ ವರ್ಷ ಹೆಂಡತಿ ರಹೀಮಾಳಿಗೆ ಶಿರಸಿಯ ಶಾಲೆಗೆ ವರ್ಗವಾಗಿತ್ತು. ಆಗ ಆರು ವರ್ಷದವಳಾಗಿದ್ದ ಅಫ್ಸಾನಾಳನ್ನು ಕರೆದುಕೊಂಡು ಅವಳು ಮುಂದೆ ಹೋದಳು, ಅವನು ತಿಂಗಳೊಪ್ಪತ್ತಿನಲ್ಲಿ ಬರುವುದು ಎಂದು ಮಾತು. ತಿಂಗಳು ಭಾನುವಾರಗಳಾಗಿ ಒಡೆದುಹೋಯಿತು. ಆ ಭಾನುವಾರಗಳಲ್ಲೂ ಬಸ್ಸು ಅರ್ಧ ದಾರಿಯಲ್ಲಿರುವಾಗ ಫೋನು ಬಂದರೆ ಇಳಿದು ಎದುರು ಬಸ್ಸು ಹಿಡಿಯುತ್ತಿದ್ದ. ಒಂದು ಸಲ ಅಫ್ಸಾನಾ ಶಾಲೆಯಲ್ಲಿ ಮನೆಯವರ ಚಿತ್ರ ಬರೆದಾಗ ಅಪ್ಪನನ್ನು ಬಸ್ಸಿನ ಕಿಟಕಿಯೊಳಗೆ ಕೂರಿಸಿದ್ದಳು. ರಹೀಮಾ ಅದನ್ನು ಫೋನಿನಲ್ಲಿ ಕಳಿಸಿ ಏನೂ ಬರೆಯಲಿಲ್ಲ. ಅವಳು ಬೈದಿದ್ದರೆ ಅವನಿಗೆ ಹಗುರವಾಗುತ್ತಿತ್ತು.

ಆ ಚಿತ್ರ ನೋಡಿದ ಮೇಲೆ ಅವನ ತಲೆಯಲ್ಲಿ ಒಂದೇ ವಿಚಾರ ಕೂತಿತು. ತಾನು ಇಲ್ಲದೆಯೂ ತೆರೆಯಬಹುದಾದ ಪೆಟ್ಟಿಗೆ ಬೇಕು. ಕಂಪನಿಯ ಇಂಜಿನಿಯರು ತನುಜಾ, ಸಿದ್ದಾಪುರದ ದೊಡ್ಮನೆ ಕಡೆಯವಳು, ಕೆಟ್ಟ ಬ್ಯಾಟರಿಗಳ ಲೆಕ್ಕ ಹಿಡಿದುಕೊಂಡು ಆಗಾಗ ಗ್ಯಾರೇಜಿಗೆ ಬರುತ್ತಿದ್ದಳು. ಜಹೀರ್ ಅವಳ ಮುಂದೆ ನೆಲದ ಮೇಲೆ ಸೀಮೆಸುಣ್ಣದಲ್ಲಿ ಗೆರೆ ಹಾಕಿ ತೋರಿಸಿದ.

"ಒಂದು ಮಂಚ ಎಂತಕ್ಕೆ ಮೇಡಂ? ಇಪ್ಪತ್ನಾಲ್ಕು ಪೆಟ್ಟಿಗೆ ಮಾಡುವ. ಕೆಟ್ಟದ್ದೊಂದನ್ನು ಎಳೆದು ಹಾಕಿದ್ರೆ ಆಯ್ತು."

"ಅಂಟು?"

"ಅಂಟಿನ ಹೆಸರು ಎತ್ತಬೇಡಿ. ಕುಕ್ಕರಿಗೆ ಇರ್ತದಲ್ಲ, ಅಂಥಾ ರಬ್ಬರು."

ತನುಜಾ ನಕ್ಕಳು, ಆದರೆ ಬರೆದುಕೊಂಡಳು. ಒಂದೂವರೆ ವರ್ಷ ಇಬ್ಬರೂ ಆ ಪೆಟ್ಟಿಗೆಯ ಹಿಂದೆ ಬಿದ್ದರು. ಅವಳು ಕಂಪ್ಯೂಟರಿನಲ್ಲಿ ನಕ್ಷೆ ತೆಗೆದಳು, ಅವನು ತಗಡಿನಲ್ಲಿ ಮಾಡಿ ಕೆಡವಿದ. ಪೆಟ್ಟಿಗೆಯ ತೂಕ ಒಂದು ಅಡಿಕೆ ಮೂಟೆಗಿಂತ ಹೆಚ್ಚಾಗಬಾರದು ಎಂದು ಹಟ ಹಿಡಿದ, ಯಾಕೆಂದರೆ ಯಾವ ಊರಿನ ಹಮಾಲರಿಗೂ ಆ ತೂಕ ಗೊತ್ತು. ಒಂದೊಂದರಲ್ಲಿ ಐವತ್ತು ವೋಲ್ಟು ಮಾತ್ರ, ಮುಟ್ಟಿದವನು ಸಾಯುವುದಿಲ್ಲ. ಹನ್ನೆರಡು ಪೆಟ್ಟಿಗೆಯ ಎರಡು ಸಾಲು. ಒಂದು ಸಾಲು ಕೆಟ್ಟರೆ ಇನ್ನೊಂದರಲ್ಲಿ ತೆವಳಿಕೊಂಡಾದರೂ ಊರು ಸೇರಬಹುದು. ಪ್ರತಿ ಸಾಲಿಗೂ ಒಂದು ಕಿತ್ತಳೆ ಬಣ್ಣದ ಪ್ಲಗ್ಗು, ಅದರ ಉದ್ದ ಹಿಡಿಕೆ ನಟ್ಟುಗಳ ಮೇಲೆ ಅಡ್ಡ ಮಲಗಿರುತ್ತದೆ. ಅದನ್ನು ಕೀಳದೆ ನಟ್ಟಿಗೆ ಪಾನಾ ಹೋಗುವುದಿಲ್ಲ, ಕಿತ್ತರೆ ಸಾಲಿನ ವಿದ್ಯುತ್ತು ಕಡಿದಿರುತ್ತದೆ. ಹಾಗಾಗಿ ಮೂರ್ಖನಿಗೂ ಕ್ರಮ ತಪ್ಪುವಂತಿಲ್ಲ. ಬಿಚ್ಚಿದ ನಟ್ಟು ರಸ್ತೆಯ ಕೆಸರಿಗೆ ಬಿದ್ದು ಕಳೆದುಹೋಗದಂತೆ ಪೆಟ್ಟಿಗೆಗೇ ಕಚ್ಚಿಕೊಂಡಿರುತ್ತದೆ. ಪೆಟ್ಟಿಗೆಗೆ ನಾಲ್ಕು ನಟ್ಟು, ಎರಡು ಲಾರಿಗೆ ಹಿಡಿದುಕೊಳ್ಳಲು, ಎರಡು ಪಕ್ಕದ ಪೆಟ್ಟಿಗೆಗೆ ವಿದ್ಯುತ್ತು ಒಯ್ಯುವ ತಾಮ್ರದ ಪಟ್ಟಿಗೆ. ಎಲ್ಲದಕ್ಕೂ ಒಂದೇ ಅಳತೆ, ಹದಿನೇಳರ ಪಾನಾ. ಅದು ಇಲ್ಲದ ಲಾರಿ ಈ ದಾರಿಯಲ್ಲಿ ಓಡಾಡುವುದಿಲ್ಲ.

ಕಂಪನಿಯವರು ಒಪ್ಪಿದರು. ಹನ್ನೆರಡು ಲಾರಿಗೂ ಹೊಸ ಪೆಟ್ಟಿಗೆಗಳು ಕೂತವು. ಜಹೀರ್ ಹುಬ್ಬಳ್ಳಿಯ ಡಿಪೋಗೆ ಹೋಗಿ ನಾಲ್ಕು ದಿನ ಇದ್ದು ಅಲ್ಲಿನ ಕೆಲಸಗಾರರಿಗೆ ಬಿಚ್ಚುವುದು ಜೋಡಿಸುವುದು ಕಲಿಸಿದ. ಪ್ರಥಮ ಎಂಬ ಹೊಸಬ ನಾಲ್ಕನೇ ದಿನ ಇಪ್ಪತ್ತು ನಿಮಿಷಕ್ಕೆ ಒಂದು ಪೆಟ್ಟಿಗೆ ಬದಲಿಸಿ ತೋರಿಸಿದಾಗ ಜಹೀರ್‌ನ ಕಣ್ಣು ಒದ್ದೆಯಾಯಿತು. ಶಿಷ್ಯನನ್ನು ಕಂಡ ಹೆಮ್ಮೆ ಎಂದು ಡಿಪೋದವರು ತಿಳಿದರು. ಅವನು ಶಿರಸಿಯ ಬಸ್ಸನ್ನು ನೆನೆದಿದ್ದ.

ಹನ್ನೊಂದು ದಿನ ಅವನು ಶಿರಸಿಯಲ್ಲಿದ್ದ. ಬೆಳಿಗ್ಗೆ ಮಗಳನ್ನು ಶಾಲೆಗೆ ಬಿಟ್ಟು ಬರುತ್ತಿದ್ದ. ಅವಳು ಗೇಟಿನ ಹತ್ತಿರ ಸಿಕ್ಕವರಿಗೆಲ್ಲ "ನಮ್ಮ ಅಬ್ಬಾ, ಇನ್ಮೇಲೆ ಇಲ್ಲೇ" ಎಂದು ಹೇಳುತ್ತಿದ್ದಳು. ಅಕ್ಕಪಕ್ಕದ ಮನೆಗಳ ಮಿಕ್ಸರು, ಫ್ಯಾನು ರಿಪೇರಿ ಮಾಡಿಕೊಟ್ಟ. ಮಧ್ಯಾಹ್ನ ಕಪಾಟಿನ ಮೇಲೆ ಫೋನಿಟ್ಟು ನಿದ್ದೆ ಮಾಡಿದ. ರಹೀಮಾ ಅವನ ಅಂಗಿಗಳಿಗೆಂದು ಗೋಡೆಗೆ ಇನ್ನೆರಡು ಮೊಳೆ ಹೊಡೆದಳು. ಬಸ್ ನಿಲ್ದಾಣದ ಹಿಂದೆ ಒಂದು ಸಣ್ಣ ಅಂಗಡಿ ಖಾಲಿ ಇದೆ ಎಂದು ಇಬ್ಬರೂ ನೋಡಿಕೊಂಡು ಬಂದರು. ಇಷ್ಟು ಸುಖವನ್ನು ನಂಬಲು ಅವನಿಗೆ ಒಂದು ವಾರ ಬೇಕಾಯಿತು.

ಹನ್ನೆರಡನೆಯ ದಿನ ಎಲ್ಲಾಪುರದಿಂದ ಅಂದಾನಪ್ಪ ಫೋನು ಮಾಡಿದ. ಗದಗ ಕಡೆಯ ಹಳೆಯ ಡ್ರೈವರ್, ಇಪ್ಪತ್ತೆಂಟು ವರ್ಷದಿಂದ ಅರಬೈಲು ಹತ್ತಿ ಇಳಿದವನು.

"ಜಹೀರ್ ಭಾಯಿ, ಹುಬ್ಬಳ್ಯಾಗ ಒಂದು ಪೆಟಗಿ ಬದಲಿ ಮಾಡ್ಯಾರ. ನಟ್ಟಿನ ಮ್ಯಾಲ ಹಸರ ಗೆರಿ ಇಲ್ರಿ. ನಾ ಘಟ್ಟ ಇಳಿಯಾಂಗಿಲ್ಲ."

ಜಹೀರ್‌ಗೆ ಆಗ ತಾನು ಮಾಡಿದ್ದು ತಿಳಿಯಿತು. ಡಿಪೋದಲ್ಲಿ ಅವನು ಪ್ಲಗ್ಗು ಕೀಳುವುದರಿಂದ ಹಿಡಿದು ಕೊನೆಯ ನಟ್ಟಿನವರೆಗೆ ಬಾಯಿಬಿಟ್ಟು ಹೇಳಿ ಕಲಿಸಿದ್ದ. ಗೆರೆಯ ಬಗ್ಗೆ ಮಾತ್ರ ಒಂದು ಮಾತೂ ಆಡಿರಲಿಲ್ಲ. ಯಾಕೆ ಆಡುತ್ತಾನೆ? ಅದು ಕೆಲಸವೆಂದು ಅವನಿಗೆ ಯಾವತ್ತೂ ಅನಿಸಿರಲಿಲ್ಲ. ಕಲಿಸುತ್ತಾ ಕಲಿಸುತ್ತಾ, ಬೇರೇನೋ ಮಾತಾಡುತ್ತಾ, ತನ್ನ ಪಾಡಿಗೆ ತಾನು ಹನ್ನೆರಡೂ ಲಾರಿಯ ಪೆಟ್ಟಿಗೆಗಳಿಗೆ ಹಸಿರು ಗೆರೆ ಎಳೆದು ಬಂದಿದ್ದ. ಯಾರಾದರೂ ಬಿಚ್ಚಲಿ ಎಂದು ಮಾಡಿದ ಪೆಟ್ಟಿಗೆಯ ಮೇಲೆ ಇದು ನನ್ನದು ಎಂದು ರುಜು ಹಾಕಿದ ಪುಣ್ಯಾತ್ಮ ಇವನೊಬ್ಬನೇ ಇರಬೇಕು.

ಆವತ್ತು ಅವನು ಹೋಗಲಿಲ್ಲ. ಡಿಪೋಗೆ ಫೋನು ಮಾಡಿ, ಹಸಿರು ಬಣ್ಣ ತಂದು ನೀವೇ ಒಂದೊಂದು ಗೆರೆ ಹಾಕಿಬಿಡಿ ಎಂದ. ಗೆರೆ ಯಾಕೆ, ಯಾವಾಗ ಎಂದು ಆಗಲೂ ಹೇಳಲಿಲ್ಲ. ಮಗಳು ಶಾಲೆಯಿಂದ ಬರುವ ಹೊತ್ತಾಗಿತ್ತು.

ಪ್ರಥಮ ಚುರುಕು ಹುಡುಗ. ತಪಾಸಣೆಗೆಂದು ಇಳಿಸಿದ್ದ ಒಂದು ಲಾರಿಯ ಅಷ್ಟೂ ಪೆಟ್ಟಿಗೆ ಮತ್ತೆ ಕೂರಿಸುವಾಗ, ಹೊತ್ತು ಉಳಿಯಲಿ ಎಂದು ಮೊದಲೇ ತೊಂಬತ್ತಾರು ನಟ್ಟಿಗೂ ಗೆರೆ ಬಳಿದುಕೊಂಡ. ಆಮೇಲೆ ಬಿಗಿ ಮಾಡುತ್ತಾ ಹೋದ. ತಿರುಗಿಸಿದ ನಟ್ಟುಗಳ ಗೆರೆ ಮುರಿಯಿತು, ಅವುಗಳ ಮೇಲೆ ಇನ್ನೊಮ್ಮೆ ಬಳಿದ. ತಾಮ್ರದ ಪಟ್ಟಿಯ ಒಂದು ನಟ್ಟು ಬಿಗಿಯಾಗದೆ ಬಿಟ್ಟುಹೋಯಿತು. ಅದರ ಗೆರೆ ಎಲ್ಲಕ್ಕಿಂತ ನೀಟಾಗಿತ್ತು.

ಆ ಲಾರಿ ಅಂದಾನಪ್ಪನದು. ನೆಟ್ಟಗಿನ ಗೆರೆ ನೋಡಿಕೊಂಡೇ ಘಟ್ಟ ಇಳಿದ. ಬರುವಾಗ ಏರಿನಲ್ಲಿ ಸಡಿಲ ಪಟ್ಟಿ ಕಾದು ಕೆಂಪಾಗಿ ಪೆಟ್ಟಿಗೆಯ ಮೂಲೆ ಕರಗಿತು, ಹೊಗೆ ಎದ್ದಿತು. ಅಂದಾನಪ್ಪ ಹೆದರಲಿಲ್ಲ. ಗಾಡಿ ನಿಲ್ಲಿಸಿ, ಆ ಸಾಲಿನ ಪ್ಲಗ್ಗು ಕಿತ್ತು, ಉಳಿದ ಸಾಲಿನ ಬಲದಲ್ಲಿ ಎಲ್ಲಾಪುರಕ್ಕೆ ತೆವಳಿಸಿಕೊಂಡು ಬಂದ. ಹಳೆಯ ಮಂಚವಾಗಿದ್ದರೆ ಲಾರಿಯೂ ಅವನೂ ಏನಾಗುತ್ತಿದ್ದರೋ. ಜಹೀರ್‌ನ ಪೆಟ್ಟಿಗೆ ಅವನ ಜೀವ ಉಳಿಸಿತ್ತು. ಅದನ್ನು ಯಾರೂ ಹೇಳಲಿಲ್ಲ. ಸುಟ್ಟ ಜಾಗದಲ್ಲಿ ಹಸಿರು ಗೆರೆ ಇತ್ತು ಎಂಬುದನ್ನು ಮಾತ್ರ ಎಲ್ಲರೂ ಹೇಳಿದರು.

ವಾರದೊಳಗೆ ತನುಜಾ ಒಂದು ಕಾಗದ ತಂದಳು. ಸುದ್ದಿ ಕೇಳಿದ ದಿನವೇ ಜಹೀರ್ ಎಲ್ಲಾಪುರಕ್ಕೆ ವಾಪಸು ಬಂದು ಕೂತಿದ್ದ. ಜೋಡಣೆಯ ಮೂವತ್ತು ಹಂತಗಳ ಪಟ್ಟಿಗೆ ಮೂವತ್ತೊಂದನೆಯದು ಸೇರಿತ್ತು: ಪ್ರತಿ ಲಾರಿಯೂ ಘಟ್ಟ ಇಳಿಯುವ ಮೊದಲು ಎಲ್ಲಾಪುರದಲ್ಲಿ ನಿಲ್ಲತಕ್ಕದ್ದು, ನಟ್ಟುಗಳನ್ನು ಜಹೀರ್ ಖುದ್ದಾಗಿ ನೋಡಿ ಹಸಿರು ಗೆರೆ ಎಳೆಯತಕ್ಕದ್ದು.

"ಪ್ರತಿ ಲಾರಿನಾ?" ಎಂದ ಜಹೀರ್. ಮೊದಲಾದರೆ ಕೆಟ್ಟ ಲಾರಿ ಮಾತ್ರ ಬರುತ್ತಿತ್ತು.

"ಎಂತ ಮಾಡೂದು ಜಹೀರ್ ಭಾಯಿ, ನಾ ಬೇಡ ಅಂತ ಹೇಳ್ದೆ. ಡ್ರೈವರುಗಳೇ ಕೇಳಿದ್ದು ಅಂತಾರೆ ಮೇಲಿನವ್ರು."

"ಮೇಡಂ, ಆ ಪೆಟ್ಟಿಗೆ ಮಾಡಿದ್ದೇ ನಾನು ಇಲ್ಲಿಂದ ಹೋಗ್ಬೇಕು ಅಂತ."

ಒಂದೂವರೆ ವರ್ಷ ಜೊತೆಗಿದ್ದರೂ ಈ ಮಾತು ತನುಜಾಳಿಗೆ ಗೊತ್ತಿರಲಿಲ್ಲ. ಕೊನೆಗೆ ಅವಳೇ ಒಂದು ದಾರಿ ಹೇಳಿದಳು. ಜಹೀರ್ ಕೈ ಹಾಕದೆ, ಒಬ್ಬ ಡ್ರೈವರ್ ತಾನೇ ಇಪ್ಪತ್ನಾಲ್ಕೂ ಪೆಟ್ಟಿಗೆ ಇಳಿಸಿ, ಜೋಡಿಸಿ, ತುಂಬಿದ ಲಾರಿಯನ್ನು ಘಟ್ಟ ಇಳಿಸಿಬಿಟ್ಟರೆ ಸಾಕು. ಅಷ್ಟನ್ನು ಬರೆದುಕೊಂಡು ಹೋಗಿ ಮೂವತ್ತೊಂದನೆಯ ಹಂತವನ್ನು ತಾನು ಹೊಡೆದು ಹಾಕಿಸುತ್ತೇನೆ ಎಂದಳು. ಯಾವ ಡ್ರೈವರ್ ಎಂದು ಯೋಚಿಸಬೇಕಾಗಿರಲಿಲ್ಲ. ಅಂದಾನಪ್ಪ ಒಪ್ಪಿದರೆ ಉಳಿದವರೆಲ್ಲ ಒಪ್ಪುತ್ತಾರೆ.

ಶನಿವಾರ ಬೆಳಿಗ್ಗೆ ಏಳಕ್ಕೆ ಶುರುವಾಯಿತು. ಹಳೇ ಅಡಿಕೆ ಮಂಡಿಯ ಇಬ್ಬರು ಹಮಾಲರು ಪೆಟ್ಟಿಗೆ ಎತ್ತಲು ನಿಂತರು. ಜಹೀರ್ ಎರಡು ಕೈಯನ್ನೂ ಕಂಕುಳಲ್ಲಿ ಇರುಕಿಕೊಂಡು ದೂರದ ಬೆಂಚಿನ ಮೇಲೆ ಕೂತ. ಕೂರುವುದು ಇಷ್ಟು ಕಷ್ಟವೆಂದು ಅವನಿಗೆ ಗೊತ್ತಿರಲಿಲ್ಲ. ಅಂದಾನಪ್ಪ ಮೊದಮೊದಲು ಪಾನಾದ ಜೊತೆ ಮಾತಾಡುತ್ತಾ, ಹಮಾಲರನ್ನು ಬೈಯುತ್ತಾ ಮಾಡಿದ. ಐದಾರು ಪೆಟ್ಟಿಗೆಯಾದ ಮೇಲೆ ಕೈಗೆ ಲಯ ಸಿಕ್ಕಿತು. ಬಿಗಿ ಮಾಡುವುದು, ಎರಡನೇ ಸಲ ನೋಡುವುದು, ಆಮೇಲೆ ಗೆರೆ. ಈ ಸಲ ಜಹೀರ್ ಗೆರೆಯ ಅರ್ಥವನ್ನು ಮೊದಲೇ ಬಿಡಿಸಿ ಹೇಳಿದ್ದ.

ಮೂರು ಗಂಟೆಗೆ ರಹೀಮಾ ಮಗಳನ್ನು ಕರೆದುಕೊಂಡು ಶಿರಸಿಯ ಬಸ್ಸಿನಿಂದ ಇಳಿದಳು. ಐದರ ಬಸ್ಸಿಗೆ ಮೂವರೂ ಒಟ್ಟಿಗೆ ಹೋಗುವುದೆಂದು ಅವನೇ ಬರಹೇಳಿದ್ದ. ಅವರು ಬೆಂಚಿನ ಮೇಲೆ ಅವನ ಪಕ್ಕ ಕೂತರು. ನಾಲ್ಕಕ್ಕೆ ಐದು ನಿಮಿಷ ಇರುವಾಗ ಅಂದಾನಪ್ಪ ಕೊನೆಯ ಗೆರೆ ಎಳೆದು, ಎರಡೂ ಪ್ಲಗ್ಗು ಹಾಕಿ, ಬೆನ್ನು ನೆಟ್ಟಗೆ ಮಾಡಿದ. ಕ್ಯಾಬಿನ್ನಿನ ಫಲಕದ ಎಲ್ಲ ದೀಪಗಳೂ ಹಸಿರಾದವು. ತನುಜಾ ಗಡಿಯಾರ ನೋಡಿ ಬರೆದುಕೊಂಡಳು. ಅಫ್ಸಾನಾ ಚಪ್ಪಾಳೆ ಹೊಡೆದಳು.

"ಹೊರಡಿ ಅಂದಾನಪ್ಪಣ್ಣ" ಎಂದ ಜಹೀರ್.

ಅಂದಾನಪ್ಪ ಹತ್ತಲಿಲ್ಲ. ಲಾರಿಗೆ ಒಂದು ಸುತ್ತು ಬಂದ. ಇನ್ನೊಂದು ಸುತ್ತು ಬಂದ. ತಾನೇ ಎಳೆದ ಗೆರೆಗಳನ್ನು ಬಗ್ಗಿ ಬಗ್ಗಿ ನೋಡಿದ.

"ಭಾಯಿ, ಒಂದ್ಸಲ ನೀವು ನೋಡ್ರಿ."

"ಎಂತಕ್ಕೆ? ಎಲ್ಲ ಸರಿ ಮಾಡಿದೀರಿ. ನಾನು ಕಣ್ಣು ಮಿಟುಕಿಸದೆ ನೋಡಿದ್ದೇನೆ."

"ಮಾಡೇನಿ, ಖರೆ. ನನ್ನ ಕೈಲೆ ಆಗೇತಿ ಅಂತ ನನಗ ಗೊತ್ತೈತಲ್ರಿ, ಅದಕ್ಕ ಅಂಜಿಕಿ. ಇನ್ನೊಬ್ರು ಮಾಡಿದ್ರ ಅವ್ರ ಮ್ಯಾಲ ನಂಬಿಕಿ ಇಟ್ಟು ಇಳೀತೇನಿ. ನನ್ನ ಮ್ಯಾಲ ಹೆಂಗ ಇಡ್ಲಿ? ಮನ್ಯಾಗ ಮಕ್ಕಳದಾವ."

ಜಹೀರ್‌ಗೆ ಕೋಪ ಬಂತು. ಮೂರು ವರ್ಷದಲ್ಲಿ ಬಾರದ ಕೋಪ. ಪಾನಾ ಕಸಿದು ಎಸೆಯಬೇಕು, ಈಗಿಂದೀಗ ಹೆಂಡತಿಯ ಕೈ ಹಿಡಿದು ನಡೆದುಬಿಡಬೇಕು ಅನಿಸಿತು. ಎದುರಿಗೆ ಅಂದಾನಪ್ಪ ಬೆವರು ಒರೆಸಿಕೊಳ್ಳುತ್ತಾ, ತಪ್ಪು ಮಾಡಿದವನಂತೆ ನಿಂತಿದ್ದ. ಸುಳ್ಳು ಹೇಳುವ ಮನುಷ್ಯನಲ್ಲ. ಅವನಿಗೆ ನಿಜವಾಗಿ ಭಯವಾಗಿತ್ತು. ಭಯಪಟ್ಟವನನ್ನು ಆ ತಿರುವುಗಳಿಗೆ ತಳ್ಳಿ ತಾನು ಶಿರಸಿಯಲ್ಲಿ ಚಾ ಕುಡಿಯುವುದು ಹೇಗೆ?

ಜಹೀರ್ ಎರಡೂ ಪ್ಲಗ್ಗು ಕಿತ್ತು, ಪಾನಾ ತೆಗೆದುಕೊಂಡು ಲಾರಿಯ ಪಕ್ಕ ಮಂಡಿಯೂರಿದ. ಮೊದಲ ನಟ್ಟು ಬಿಗಿ. ಎರಡನೆಯದು ಬಿಗಿ. ಹತ್ತಾಯಿತು, ಇಪ್ಪತ್ತಾಯಿತು. ತನುಜಾ ಪುಸ್ತಕ ಮಡಚಿ ಚೀಲಕ್ಕೆ ಹಾಕಿಕೊಂಡಳು. ಅವನ ಕೈ ಬಿದ್ದ ಮೇಲೆ ಮೂವತ್ತೊಂದನೆಯ ಹಂತ ಅಳಿಸುವ ಮಾತೇ ಇರಲಿಲ್ಲ.

ಅರ್ಧ ದಾಟಿದಾಗ ರಹೀಮಾ ಹತ್ತಿರ ಬಂದು ನಿಂತಳು.

"ಸಡಿಲ ಇದ್ದದ್ದು ಸಿಕ್ಕಿತಾ?"

"ಇಲ್ಲ. ಎಲ್ಲ ಬಿಗಿ ಇದೆ."

"ಮತ್ತೆ ಯಾಕೆ ನೋಡ್ತಿದ್ದೀರಿ?"

ಅವನು ತಲೆ ಎತ್ತಲಿಲ್ಲ. "ಅವರು ಇಳೀಬೇಕಲ್ಲ" ಎಂದ. ರಹೀಮಾ ಅಫ್ಸಾನಾಳ ಕೈ ಹಿಡಿದು ರಸ್ತೆ ದಾಟಿ ಬಸ್ ನಿಲ್ದಾಣದ ಕಡೆ ನಡೆದಳು. ಮಗು ತಿರುಗಿ ನೋಡಿದ್ದು ಅವನಿಗೆ ಚಕ್ರಗಳ ನಡುವಿನ ಸಂದಿಯಿಂದ ಕಂಡಿತು.

ಎಪ್ಪತ್ತು ದಾಟಿತು, ಎಂಬತ್ತು ದಾಟಿತು. ಒಂದಾದರೂ ಸಡಿಲವಿರಲಿ ಎಂದು ಅವನು ಬೇಡಿಕೊಳ್ಳುತ್ತಿದ್ದ. ಒಂದು ಸಡಿಲ ಸಿಕ್ಕಿದ್ದರೆ ತನ್ನಿಂದ ಒಂದು ಜೀವ ಉಳಿಯಿತು, ತಾನು ಇಲ್ಲೇ ನಿಂತದ್ದಕ್ಕೆ ಅರ್ಥವಿತ್ತು ಎಂದು ಹೆಂಡತಿಗೆ ಹೇಳಬಹುದಿತ್ತು, ತನಗೇ ಹೇಳಿಕೊಳ್ಳಬಹುದಿತ್ತು. ತೊಂಬತ್ತಾರನೆಯ ನಟ್ಟಿಗೆ ಮೈಭಾರವನ್ನೆಲ್ಲ ಹಾಕಿ ಒತ್ತಿದ. ಅದೂ ಅಲುಗಲಿಲ್ಲ.

"ಈಗ ಬರೋಬ್ಬರಿ ಆತು ನೋಡ್ರಿ" ಎಂದು ಅಂದಾನಪ್ಪ ನಕ್ಕು, ಪ್ಲಗ್ಗುಗಳನ್ನು ಮತ್ತೆ ಹಾಕಿ, ಹಗುರಾಗಿ ಕ್ಯಾಬಿನ್ ಹತ್ತಿದ. ಅವನ ಲಾರಿ ಸರಿದ ಜಾಗಕ್ಕೆ ಹಿಂದೆ ಕಾಯುತ್ತಿದ್ದ ಲಾರಿ ಬಂದು ನಿಂತಿತು. ಅದರ ಡ್ರೈವರ್ ಇಳಿದು, ನಮ್ಮದೂ ಒಂದ್ಸಲ ನೋಡಿ ಎಂದು ಕೈ ಮುಗಿದ. ಜಹೀರ್ ಎದ್ದು ನಿಲ್ಲುವ ಗೋಜಿಗೆ ಹೋಗದೆ, ಮಂಡಿಯ ಮೇಲೇ ಸರಿದು ಮೊದಲ ಪೆಟ್ಟಿಗೆಯ ಹತ್ತಿರ ಹೋದ.